ಬೆಳಿಗ್ಗೆ ರೇಡಿಯೇಷನ್, ರಾತ್ರಿ ಐಸ್ ಹಾಕಿ: ಮಾರಿಯೊ ಲೆಮ್ಯೂ ಬಗ್ಗೆ ಮಾತಾಡೋಣ ಬನ್ನಿ

ಶರಾವತಿ_ತೀರ | ಶುಕ್ರವಾರ, ರಾತ್ರಿ 9:40

ಎಲ್ಲರಿಗೂ ನಮಸ್ಕಾರ. ನಾನು ಸಾಗರದವನು. ಎಂಟು ವರ್ಷದಿಂದ ಅಮೆರಿಕದ ಪಿಟ್ಸ್‌ಬರ್ಗ್‌ನಲ್ಲಿ ಇದ್ದೇನೆ. ಇಲ್ಲಿಗೆ ಬಂದಾಗ ಐಸ್ ಹಾಕಿಯ ಗಂಧಗಾಳಿ ನನಗೆ ಇರಲಿಲ್ಲ. ಚಳಿಗಾಲ ಬಂತೆಂದರೆ ಆಫೀಸು, ಕಟಿಂಗ್ ಶಾಪು, ದಿನಸಿ ಅಂಗಡಿ, ಎಲ್ಲಿ ಹೋದರೂ ಈ ಊರಿನ ಐಸ್ ಹಾಕಿ ತಂಡ ಪೆಂಗ್ವಿನ್ಸ್‌ದೇ ಮಾತು. ಅವರ ಸ್ಟೇಡಿಯಂ ಎದುರು ಒಂದು ಕಂಚಿನ ಪ್ರತಿಮೆ ಇದೆ. ಇಬ್ಬರು ಎದುರಾಳಿಗಳ ನಡುವಿನ ಸಂದಿಯಲ್ಲಿ ಎತ್ತರದ ಆಟಗಾರನೊಬ್ಬ ನುಗ್ಗಿ ಬರುತ್ತಿದ್ದಾನೆ. ಅದು ಮಾರಿಯೊ ಲೆಮ್ಯೂ. ಎಷ್ಟೋ ಸಲ ಅದರ ಪಕ್ಕದಲ್ಲೇ ನಡೆದು ಹೋಗಿದ್ದೇನೆ, ಯಾರು ಏನು ಅಂತ ಕೇಳಿರಲಿಲ್ಲ.

ಹೋದ ವರ್ಷ ಅಪ್ಪನ ಕುತ್ತಿಗೆಯಲ್ಲಿ ಗಂಟು ಕಾಣಿಸಿತು. ಪರೀಕ್ಷೆ ಮಾಡಿಸಿದರೆ ಹಾಡ್ಕಿನ್ ಲಿಂಫೋಮಾ, ಒಂದು ಬಗೆಯ ಕ್ಯಾನ್ಸರ್. ನಾನು ರಜೆ ಹಾಕಿ ಬೆಂಗಳೂರಿಗೆ ಬಂದೆ. ಬೆಳಿಗ್ಗೆ ರೇಡಿಯೇಷನ್ ಮುಗಿಸಿ ಮನೆಗೆ ಬಂದರೆ ಅಪ್ಪ ದಿವಾನದ ಮೇಲೆ ಹಾಗೇ ಒರಗಿಬಿಡುತ್ತಿದ್ದರು. ಗಂಟಲು ಉರಿ. ತೆಳ್ಳಗಿನ ಗಂಜಿ ಕೂಡ ಇಳಿಯುತ್ತಿರಲಿಲ್ಲ. ಬಗ್ಗಿ ಶೂ ಲೇಸ್ ಕಟ್ಟಿಕೊಳ್ಳಲು ಆಗುತ್ತಿರಲಿಲ್ಲ, ನಾನೇ ಕಟ್ಟುತ್ತಿದ್ದೆ. ಆ ಸಮಯದಲ್ಲಿ ಪಿಟ್ಸ್‌ಬರ್ಗ್‌ನ ಸಹೋದ್ಯೋಗಿಯೊಬ್ಬರು ಮೆಸೇಜ್ ಮಾಡಿದರು. "ನಮ್ಮ ಮಾರಿಯೊಗೂ ಇದೇ ಕಾಯಿಲೆ ಬಂದಿತ್ತು, ಗೊತ್ತಾ?"

ಅವತ್ತು ಓದಲು ಶುರು ಮಾಡಿದವನು ಇನ್ನೂ ನಿಲ್ಲಿಸಿಲ್ಲ. 1993ರ ಮಾರ್ಚ್ 2ರಂದು ಬೆಳಿಗ್ಗೆ ಲೆಮ್ಯೂ ಕೊನೆಯ ರೇಡಿಯೇಷನ್ ತೆಗೆದುಕೊಂಡರು. ಅದೇ ದಿನ ವಿಮಾನ ಹತ್ತಿ ಫಿಲಡೆಲ್ಫಿಯಾಕ್ಕೆ ಹೋದರು. ರಾತ್ರಿ ಮ್ಯಾಚ್ ಆಡಿದರು. ಒಂದು ಗೋಲು, ಒಂದು ಅಸಿಸ್ಟ್ (ಗೋಲಿಗೆ ಕೊಟ್ಟ ಪಾಸ್).

ಇದನ್ನು ಓದಿದಾಗ ಆಸ್ಪತ್ರೆಯ ಕಾರಿಡಾರಿನಲ್ಲಿ ಕೂತಿದ್ದೆ. ಅಪ್ಪ ಒಳಗಿದ್ದರು. ಅಳು ಬಂತು. ಇದು ಹೇಗೆ ಸಾಧ್ಯ ಅಂತ ಅವತ್ತಿನಿಂದ ತಲೆಯಲ್ಲಿ ಕೊರೆಯುತ್ತಿದೆ. ಇಲ್ಲಿ ಆಟ ಗೊತ್ತಿರುವವರು ಇದ್ದೀರಿ. ಈ ಮನುಷ್ಯನ ಕಥೆಯನ್ನು ಶುರುವಿನಿಂದ ಹೇಳುತ್ತೀರಾ?

---

ಟೊರೊಂಟೊ_ರಘು | ಶುಕ್ರವಾರ, ರಾತ್ರಿ 10:25

ಮೊದಲು ಹೇಳಿ, ಅಪ್ಪ ಹೇಗಿದ್ದಾರೆ?

ನಾನು 1986ರಲ್ಲಿ ಕೆನಡಾಕ್ಕೆ ಬಂದೆ. ಲೆಮ್ಯೂ ಆಟವನ್ನು ಟಿವಿಯಲ್ಲಿ ನೋಡುತ್ತಲೇ ಇಲ್ಲಿ ಬದುಕು ಕಟ್ಟಿಕೊಂಡೆ. ಅದಕ್ಕೇ 'ಅವನು' ಅಂತಲೇ ಬರೆಯುತ್ತೇನೆ, ಮನೆ ಹುಡುಗನ ಬಗ್ಗೆ ಹೇಳುವ ಹಾಗೆ. ಯಾರೂ ತಪ್ಪು ತಿಳಿಯಬೇಡಿ.

ಹುಟ್ಟಿದ್ದು 1965ರ ಅಕ್ಟೋಬರ್ 5, ಮಾಂಟ್ರಿಯಲ್‌ನ ವಿಲ್-ಎಮಾರ್ ಎಂಬ ಕಡೆ. ದುಡಿದು ತಿನ್ನುವವರ ಬಡಾವಣೆ. ಮನೆಮಾತು ಫ್ರೆಂಚ್. ಅಪ್ಪ ಜಾನ್-ಗೀ, ಅಮ್ಮ ಪಿಯರೆಟ್, ಮೂವರು ಗಂಡು ಮಕ್ಕಳು. ಇವನೇ ಕಿರಿಯ. ಮಕ್ಕಳು ನೆಲಮಾಳಿಗೆಯಲ್ಲಿ ಅಡುಗೆಮನೆಯ ಮರದ ಸೌಟನ್ನೇ ಸ್ಟಿಕ್ ಮಾಡಿಕೊಂಡು, ಬಾಟಲಿ ಮುಚ್ಚಳವನ್ನೇ ಪಕ್ (ಚೆಂಡಿನ ಬದಲು ಬಳಸುವ ಚಪ್ಪಟೆ ರಬ್ಬರ್ ಬಿಲ್ಲೆ) ಮಾಡಿಕೊಂಡು ಆಡುತ್ತಿದ್ದರು. ಆಮೇಲೆ ಅಪ್ಪ ಮನೆ ಮುಂದಿನ ಜಾಗದಲ್ಲಿ ಐಸ್ ಕಟ್ಟಿಸಿ ರಿಂಕ್ ಮಾಡಿಕೊಟ್ಟ. ಕತ್ತಲಾದ ಮೇಲೂ ಮಕ್ಕಳು ಆಡಲಿ ಅಂತ ಮನೆಯೊಳಗೇ, ಹಾಲ್‌ನ ಕಾರ್ಪೆಟ್ ಮೇಲೆ ಹಿಮ ತಂದು ಗಟ್ಟಿಯಾಗಿ ಒತ್ತಿ ಹಾಸುತ್ತಿದ್ದರಂತೆ. ಮಕ್ಕಳು ಬಣ್ಣದ ಪೆನ್ಸಿಲಿನಿಂದ ಗೋಡೆಗೆ ಗೀಚಿದರೇ ನಮಗೆ ಸಿಟ್ಟು ಬರುತ್ತದೆ. ಆ ಅಪ್ಪ ಅಮ್ಮ ಹಾಲ್‌ನಲ್ಲಿ ಹಿಮ ಹಾಸಿದರು!

ದೊಡ್ಡವನಾಗಿ ಲಾವಾಲ್ ಎಂಬ ಜೂನಿಯರ್ ತಂಡಕ್ಕೆ ಆಡಿದ. 1983–84ರ ಕೊನೆಯ ಮ್ಯಾಚ್ ಬಂತು. ಒಂದು ಸೀಸನ್‌ನಲ್ಲಿ ಗೀ ಲಾಫ್ಲೂರ್ ಹೊಡೆದಿದ್ದ 130 ಗೋಲುಗಳ ದಾಖಲೆ ಸಮ ಮಾಡಲು ಮೂರು ಗೋಲು ಬೇಕಿತ್ತು. ಇವನು ಆರು ಹೊಡೆದ. ಸೀಸನ್ ಲೆಕ್ಕ 70 ಮ್ಯಾಚ್‌ಗೆ 133 ಗೋಲು, 282 ಪಾಯಿಂಟ್.

ಇಲ್ಲಿನ ದೊಡ್ಡ ಲೀಗ್ ಎನ್‌ಎಚ್‌ಎಲ್. ಅದರ ತಂಡಗಳು ಹೊಸ ಹುಡುಗರನ್ನು ಸರದಿಯಲ್ಲಿ ಆರಿಸಿಕೊಳ್ಳುವ ಡ್ರಾಫ್ಟ್‌ನಲ್ಲಿ ಆಗ ಕೊನೆಯ ಸ್ಥಾನದ ತಂಡಕ್ಕೆ ಮೊದಲ ಆಯ್ಕೆ ಇತ್ತು. ಆ ವರ್ಷ ಪಿಟ್ಸ್‌ಬರ್ಗ್ 38 ಪಾಯಿಂಟ್‌ಗೆ ಕುಸಿದು ಕೊನೆಯಲ್ಲಿ ಬಂತು, ನ್ಯೂಜೆರ್ಸಿಗೆ 41. ಈ ಹುಡುಗ ಸಿಗಲಿ ಅಂತ ಬೇಕೆಂದೇ ಸೋತರು ಅನ್ನುವ ಮಾತು ಆಗಲೂ ಇತ್ತು, ಈಗಲೂ ಇದೆ. ಡ್ರಾಫ್ಟ್ ನಡೆದದ್ದು ಅವನ ಊರು ಮಾಂಟ್ರಿಯಲ್‌ನಲ್ಲೇ. ಹೆಸರು ಕೂಗಿದರು. ಆದರೆ ಸಂಬಳದ ಮಾತು ಮುಗಿದಿರಲಿಲ್ಲ. ತಂಡದ ಟೇಬಲ್ ಹತ್ತಿರ ಹೋಗಿ ಜರ್ಸಿ ಹಾಕಿಕೊಳ್ಳಲಿಲ್ಲ. ಜನ ಬೈದರು.

1984ರ ಅಕ್ಟೋಬರ್ 11ರಂದು ಬಾಸ್ಟನ್‌ನಲ್ಲಿ ಮೊದಲ ಮ್ಯಾಚ್. ಎದುರಿಗೆ ರೇ ಬೋರ್ಕ್, ಆ ಕಾಲದ ದೊಡ್ಡ ಡಿಫೆಂಡರ್. ಅವನಿಂದ ಪಕ್ ಕಸಿದುಕೊಂಡು ಒಬ್ಬನೇ ಓಡಿ ಗೋಲು ಹೊಡೆದ. ಮೊದಲ ಸಲ ಐಸ್ ಮೇಲೆ ಇಳಿದಾಗಲೇ, ಮೊದಲ ಹೊಡೆತಕ್ಕೇ. ಆಮೇಲೆ ಯಾರೂ ಜರ್ಸಿ ಮಾತು ಎತ್ತಲಿಲ್ಲ.

---

ಕೊಡಗು_ಸ್ಟಿಕ್ | ಶುಕ್ರವಾರ, ರಾತ್ರಿ 11:02

ರಘು ಅವರೇ, ನಮ್ಮ ಕಡೆ ಹಾಕಿ ಅಂದರೆ ಉಸಿರು. ಕೌಟುಂಬಿಕ ಹಾಕಿಯಲ್ಲಿ ಅಜ್ಜ ಮೊಮ್ಮಗ ಒಂದೇ ತಂಡದಲ್ಲಿ ಆಡುತ್ತಾರೆ. ನಾನೂ ಆಡಿದ್ದೇನೆ. ಆದರೆ ಐಸ್ ಹಾಕಿ ವಿಡಿಯೊ ನೋಡಿದರೆ ಪಕ್ ಕಣ್ಣಿಗೇ ಸಿಗುವುದಿಲ್ಲ. ಈ ಲೆಮ್ಯೂ ಏನು ಮಾಡುತ್ತಿದ್ದ ಅಂತ ಹಾಕಿ ಆಡಿದವನಿಗೆ ಅರ್ಥವಾಗುವ ಹಾಗೆ ಹೇಳಿ. ಮತ್ತೆ 'ಪಾಯಿಂಟ್' ಅಂದರೆ ಏನು? ತಂಡಕ್ಕೂ ಪಾಯಿಂಟ್, ಆಟಗಾರನಿಗೂ ಪಾಯಿಂಟಾ?

---

ಟೊರೊಂಟೊ_ರಘು | ಶನಿವಾರ, ಬೆಳಿಗ್ಗೆ 7:15

ಒಳ್ಳೆ ಪ್ರಶ್ನೆ. ಆಟಗಾರನ ಪಾಯಿಂಟ್ ಬೇರೆ. ಗೋಲು ಹೊಡೆದರೆ ಒಂದು, ಗೋಲಿಗೆ ಪಾಸ್ ಕೊಟ್ಟರೂ ಒಂದು. ಒಂದು ಗೋಲಿಗೆ ಹೆಚ್ಚೆಂದರೆ ಇಬ್ಬರಿಗೆ ಅಸಿಸ್ಟ್ ಸಿಗುತ್ತದೆ.

ನಿಮ್ಮ ಹಾಕಿಯಲ್ಲಿ ಸ್ಟಿಕ್ಕಿನ ಚಪ್ಪಟೆ ಬದಿ ಮಾತ್ರ ಬಳಸಬೇಕು, ಅಲ್ವಾ? ಇಲ್ಲಿ ಎರಡೂ ಬದಿ ನಡೆಯುತ್ತದೆ. ನಿಮ್ಮ ಗೋಲು 12 ಅಡಿ ಅಗಲ, 7 ಅಡಿ ಎತ್ತರ. ಇಲ್ಲಿ 6 ಅಡಿ ಅಗಲ, 4 ಅಡಿ ಎತ್ತರ, ಅದರ ಮುಂದೆ ದಪ್ಪ ಪ್ಯಾಡ್ ಕಟ್ಟಿಕೊಂಡ ಗೋಲ್‌ಕೀಪರ್. ಗೋಲ್‌ಕೀಪರ್ ಬಿಟ್ಟರೆ ಐದೇ ಜನ. ತಲಾ 20 ನಿಮಿಷದ ಮೂರು ಭಾಗ. ಪೂರ್ತಿ ವೇಗದಲ್ಲಿ ಸ್ಕೇಟ್ ಮಾಡುತ್ತಾರೆ, ಹಾಗಾಗಿ 45 ಸೆಕೆಂಡಿಗೆಲ್ಲ ದಣಿದು ಬೆಂಚಿಗೆ ಬರುತ್ತಾರೆ, ಬೇರೆಯವರು ಇಳಿಯುತ್ತಾರೆ. ಮೈಗೆ ಮೈ ಗುದ್ದುವುದು ನಿಯಮದಲ್ಲೇ ಇದೆ.

ಇವನ ಎತ್ತರ 6 ಅಡಿ 4 ಇಂಚು. ಅಷ್ಟು ದೊಡ್ಡ ಆಳು ಸಾಮಾನ್ಯವಾಗಿ ಗುದ್ದಾಟಕ್ಕೆ ಇರುತ್ತಾನೆ. ಇವನ ಕೈ ಮಾತ್ರ ವೀಣೆ ನುಡಿಸುವವರ ಕೈ. ಉದ್ದ ತೋಳು, ಉದ್ದ ಸ್ಟಿಕ್. ಡಿಫೆಂಡರ್ ಪಕ್ ಕಡೆ ಕೈ ಚಾಚುವಷ್ಟರಲ್ಲಿ ಪಕ್ ಆ ಕಡೆ ಹೋಗಿರುತ್ತಿತ್ತು. ನೋಡಿದರೆ ನಿಧಾನ ಅನ್ನಿಸುತ್ತಿತ್ತು. ಗೋಲ್‌ಕೀಪರ್ ಎದುರು ಬಂದು ಸುಮ್ನೆ ಕಾಯುತ್ತಿದ್ದ. ಅವನು ಮೊದಲು ಅಲುಗಾಡಬೇಕು. ಅಲುಗಾಡಿದ ಅಂದರೆ ಮುಗಿಯಿತು.

1988ರ ಡಿಸೆಂಬರ್ 31 ಹೇಳಲೇಬೇಕು. ನ್ಯೂಜೆರ್ಸಿ ವಿರುದ್ಧ ಪಿಟ್ಸ್‌ಬರ್ಗ್‌ನಲ್ಲಿ ಮ್ಯಾಚ್. ಮೊದಲ ಗೋಲು ಎರಡೂ ಕಡೆ ಐದೈದು ಜನ ಇದ್ದಾಗ. ಎರಡನೆಯದು ತನ್ನ ತಂಡದವನೊಬ್ಬ ಶಿಕ್ಷೆಗೆ ಹೊರಗೆ ಕೂತು, ನಾಲ್ಕೇ ಜನ ಉಳಿದಿದ್ದಾಗ. ಮೂರನೆಯದು ಎದುರಾಳಿಯವನು ಹೊರಗೆ ಕೂತಾಗ. ಇಷ್ಟೂ ಮೊದಲ ಭಾಗದಲ್ಲೇ. ನಾಲ್ಕನೆಯದು ಎರಡನೇ ಭಾಗದಲ್ಲಿ, ಪೆನಾಲ್ಟಿ ಶಾಟ್. ಕೊನೆಗೆ ನ್ಯೂಜೆರ್ಸಿಯವರು ಗೋಲು ಸಮ ಮಾಡುವ ಆಸೆಗೆ ಗೋಲ್‌ಕೀಪರನ್ನು ತೆಗೆದು ಒಬ್ಬ ಆಟಗಾರನನ್ನು ಜಾಸ್ತಿ ಇಳಿಸಿದರು. ಗಡಿಯಾರದಲ್ಲಿ ಒಂದು ಸೆಕೆಂಡ್ ಉಳಿದಿದ್ದಾಗ ಖಾಲಿ ಗೋಲಿಗೆ ಐದನೆಯದು. ಈ ಆಟದಲ್ಲಿ ಗೋಲು ಹೊಡೆಯಲು ಇರುವ ಐದು ಬಗೆಯೂ ಒಂದೇ ರಾತ್ರಿ ಮುಗಿದವು. ಇನ್ನೊಬ್ಬ ಹಾಗೆ ಮಾಡಿಲ್ಲ.

---

ಕೊಡಗು_ಸ್ಟಿಕ್ | ಶನಿವಾರ, ಬೆಳಿಗ್ಗೆ 7:50

ಈಗ ತಾನೇ ಆ ಐದೂ ಗೋಲು ನೋಡಿದೆ. ಪೆನಾಲ್ಟಿ ಶಾಟ್ ನಾಲ್ಕು ಸಲ ನೋಡಿದೆ. ನೀವು ಹೇಳಿದ ಆ 'ಕಾಯುವುದು' ಕಾಣಿಸಿತು. ನಮ್ಮಲ್ಲೂ ಒಳ್ಳೆ ಫಾರ್ವರ್ಡ್ ಹೀಗೇ ಮಾಡುತ್ತಾನೆ. ಭುಜ ಒಂದು ಕಡೆ ತೋರಿಸಿ, ಮಣಿಕಟ್ಟಿನಲ್ಲಿ ಇನ್ನೊಂದು ಕಡೆ. ಆದರೆ ಜಾರುವ ಐಸ್ ಮೇಲೆ, ಆ ವೇಗದಲ್ಲಿ!

---

ಎಡ್ಮಂಟನ್_ಪ್ರಕಾಶ | ಶನಿವಾರ, ಮಧ್ಯಾಹ್ನ 12:10

ಒಳ್ಳೆ ಚರ್ಚೆ. ನಾನು ಐಸ್ ಹಾಕಿಯ ದಂತಕಥೆ ವೇಯ್ನ್ ಗ್ರೆಟ್ಸ್ಕಿ ಆಡಿ ಹೆಸರು ಮಾಡಿದ ಊರಿನಲ್ಲಿ ಇರುವವನು, ಅವನ ಪರವಾಗಿ ಎರಡು ಮಾತು. ಲೆಮ್ಯೂ ನಂಬರ್ 66 ಯಾಕೆ ಗೊತ್ತಾ? ಗ್ರೆಟ್ಸ್ಕಿಯ 99 ತಲೆಕೆಳಗು ಮಾಡಿದ್ದು. ಅಳತೆಗೋಲು ಯಾರು ಅಂತ ಇದರಲ್ಲೇ ತಿಳಿಯುತ್ತದೆ. ಗ್ರೆಟ್ಸ್ಕಿ ನಾಲ್ಕು ಸೀಸನ್‌ನಲ್ಲಿ 200 ಪಾಯಿಂಟ್ ದಾಟಿದ. ಲೆಮ್ಯೂ ಒಂದು ಸಲವೂ ಇಲ್ಲ. 1988–89ರಲ್ಲಿ 199ಕ್ಕೆ ನಿಂತ. ಆ ವರ್ಷ ಲೀಗಿನ ಅತ್ಯುತ್ತಮ ಆಟಗಾರ ಅಂತ ಹಾರ್ಟ್ ಟ್ರೋಫಿ ಕೂಡ ಗ್ರೆಟ್ಸ್ಕಿಗೇ ಹೋಯಿತು. ಇನ್ನು 1987ರ ಕೆನಡಾ ಕಪ್, ದೇಶ ದೇಶಗಳ ನಡುವಿನ ಟೂರ್ನಿ, ಇಬ್ಬರೂ ಕೆನಡಾ ತಂಡದಲ್ಲಿ. ಅಲ್ಲಿ ಲೆಮ್ಯೂ ಹೊಡೆದ 11 ಗೋಲುಗಳಲ್ಲಿ 9ಕ್ಕೆ ಗ್ರೆಟ್ಸ್ಕಿಯ ಅಸಿಸ್ಟ್.

---

ಅಂಕಿ_ಅಶ್ವಿನಿ | ಶನಿವಾರ, ಮಧ್ಯಾಹ್ನ 1:35

ಪ್ರಕಾಶ್ ಅವರೇ, ನೀವು ಕೊಟ್ಟ ಲೆಕ್ಕ ಸರಿ. ಆದರೆ ಪೂರ್ತಿ ಲೆಕ್ಕ ಅಲ್ಲ.

ಗ್ರೆಟ್ಸ್ಕಿ 1487 ಮ್ಯಾಚ್, 2857 ಪಾಯಿಂಟ್. ಮ್ಯಾಚ್‌ಗೆ 1.92. ಲೆಮ್ಯೂ 915 ಮ್ಯಾಚ್, 690 ಗೋಲು, 1033 ಅಸಿಸ್ಟ್, ಒಟ್ಟು 1723. ಮ್ಯಾಚ್‌ಗೆ 1.88. ಬರೀ ಗೋಲು ತೆಗೆದುಕೊಂಡರೆ ಲೆಮ್ಯೂ ಮ್ಯಾಚ್‌ಗೆ 0.75, ಗ್ರೆಟ್ಸ್ಕಿ 0.60. 1997ರಲ್ಲಿ ಮೊದಲ ಸಲ ನಿವೃತ್ತಿಯಾದಾಗ ಲೆಮ್ಯೂ 745 ಮ್ಯಾಚ್‌ಗೆ 1494 ಪಾಯಿಂಟ್ ಮಾಡಿದ್ದರು, ಅಂದರೆ ಮ್ಯಾಚ್‌ಗೆ ಎರಡರ ಮೇಲೆ.

ಈಗ ನನ್ನನ್ನು ಬಹಳ ಕಾಡಿದ ಸಾಲು ನೋಡಿ. ಅವರು ಪ್ರತಿ ಸೀಸನ್ ಆಡಿದ ಮ್ಯಾಚ್‌ಗಳು: 73, 79, 63, 77, 76, 59, 26, 64, 60, 22, ಸೊನ್ನೆ, 70, 76. ನಂತರ ಮೂರು ವರ್ಷ ಆಟವೇ ಇಲ್ಲ. ಮತ್ತೆ ಬಂದ ಮೇಲೆ 43, 24, 67, 10, ಆಮೇಲೆ ಲೀಗೇ ನಡೆಯದ ಒಂದು ವರ್ಷ, ಕೊನೆಗೆ 26. ಒಂದೇ ಒಂದು ಸೀಸನ್ ಕೂಡ ಪೂರ್ತಿ ಆಡಲಿಲ್ಲ. 199 ಪಾಯಿಂಟ್ ಬಂದ ಆ ವರ್ಷವೂ 80ರಲ್ಲಿ 4 ಮ್ಯಾಚ್ ಆಡಿರಲಿಲ್ಲ.

ಗ್ರೆಟ್ಸ್ಕಿ ದೊಡ್ಡವರು, ಅದರಲ್ಲಿ ಎರಡು ಮಾತಿಲ್ಲ. ಈ ಸಾಲು ಓದುವಾಗ ಮಾತ್ರ ಆಸ್ಪತ್ರೆಯ ಚಾರ್ಟ್ ಓದುತ್ತಿದ್ದೇನೆ ಅನ್ನಿಸುತ್ತದೆ.

---

ಫಿಸಿಯೊ_ವೀಣಾ | ಶನಿವಾರ, ಸಂಜೆ 6:20

ಅಶ್ವಿನಿ, ಆ 59 ಮತ್ತು 26ರ ಬಗ್ಗೆ ನಾನು ಹೇಳಬಹುದು. ನಾನು ಹುಬ್ಬಳ್ಳಿಯಲ್ಲಿ ಫಿಸಿಯೊಥೆರಪಿಸ್ಟ್. ಬೆನ್ನು ನೋವಿನವರೇ ನನ್ನ ಹತ್ತಿರ ಜಾಸ್ತಿ ಬರುವುದು.

ಐಸ್ ಹಾಕಿಯಲ್ಲಿ ಇಡೀ ಹೊತ್ತು ಸೊಂಟ ಬಗ್ಗಿಸಿ, ಮಂಡಿ ಮಡಿಸಿ ಇರಬೇಕು. ಪ್ರತಿ ಹೊಡೆತಕ್ಕೂ ಸೊಂಟ ತಿರುಚುತ್ತದೆ. ಅದರ ಮೇಲೆ ಹಿಂದಿನಿಂದ ಗುದ್ದು. ಆ ಎತ್ತರದ ಮನುಷ್ಯನ ಬೆನ್ನಿನ ಕೆಳಭಾಗಕ್ಕೆ ಎಷ್ಟು ಹೊರೆ ಬೀಳುತ್ತದೆ ಯೋಚಿಸಿ. ಬೆನ್ನುಮೂಳೆಯ ನಡುವಿನ ಮೆತ್ತೆ, ಅಂದರೆ ಡಿಸ್ಕ್, ಆಚೆ ಉಬ್ಬಿ ನರ ಒತ್ತಿದರೆ ಕಾಲಿನವರೆಗೂ ಚಳಕು ಹೊಡೆಯುತ್ತದೆ. ಲೆಮ್ಯೂಗೆ ಆಗಿದ್ದು ಅದೇ. 1989–90ರಲ್ಲಿ ಸತತ 46 ಮ್ಯಾಚ್‌ಗಳಲ್ಲಿ ಒಂದಾದರೂ ಪಾಯಿಂಟ್ ಮಾಡಿಕೊಂಡು ಬಂದಿದ್ದರು. ಫೆಬ್ರುವರಿಯಲ್ಲಿ ನ್ಯೂಯಾರ್ಕ್‌ನ ಮ್ಯಾಚ್ ಮಧ್ಯೆ ನೋವು ತಡೆಯಲಾಗದೆ ಹೊರಬಂದರು. ಸರಪಳಿ ಅಲ್ಲಿ ಕಡಿಯಿತು. ಜುಲೈನಲ್ಲಿ ಆಪರೇಷನ್. ಆಮೇಲೆ ಸೋಂಕು ತಗುಲಿ ತಿಂಗಳುಗಟ್ಟಲೆ ಹಾಸಿಗೆ. ಮುಂದಿನ ಸೀಸನ್‌ನ 50 ಮ್ಯಾಚ್ ಹೋದವು.

ಬಗ್ಗಿ ಸ್ಕೇಟಿನ ಲೇಸ್ ಕಟ್ಟಿಕೊಳ್ಳಲೂ ಅವರಿಗೆ ಆಗುತ್ತಿರಲಿಲ್ಲ. ಬೇರೆಯವರು ಕಟ್ಟಬೇಕಿತ್ತು. 1991ರ ಫೈನಲ್‌ನ ಮೂರನೇ ಮ್ಯಾಚ್ ಬೆನ್ನು ಹಿಡಿದುಕೊಂಡು ಆಡಲೇ ಆಗಲಿಲ್ಲ. ನನ್ನ ಹತ್ತಿರ ಬರುವವರು ಸಾಕ್ಸ್ ಹಾಕಿಕೊಳ್ಳಲು ಐದು ನಿಮಿಷ ತೆಗೆದುಕೊಳ್ಳುತ್ತಾರೆ. ಆ ಐದು ನಿಮಿಷದಲ್ಲಿ ಅವರ ಮುಖ ಹೇಗಿರುತ್ತದೆ ಅಂತ ನನಗೆ ಗೊತ್ತು.

ಸೀಸನ್ ಮುಗಿದ ಮೇಲಿನ ನಾಕೌಟ್ ಸುತ್ತುಗಳಿಗೆ ಪ್ಲೇಆಫ್ ಅನ್ನುತ್ತಾರೆ. ಅದೇ 1991ರ ಪ್ಲೇಆಫ್‌ನಲ್ಲಿ 23 ಮ್ಯಾಚ್, 44 ಪಾಯಿಂಟ್. ಪಿಟ್ಸ್‌ಬರ್ಗ್‌ಗೆ ಮೊದಲ ಸ್ಟಾನ್ಲಿ ಕಪ್, ಅಂದರೆ ಲೀಗಿನ ಚಾಂಪಿಯನ್ ಪಟ್ಟ.

---

ಶರಾವತಿ_ತೀರ | ಶನಿವಾರ, ಸಂಜೆ 7:05

ವೀಣಾ ಮೇಡಂ, ಲೇಸ್ ವಿಷಯ ನನಗೆ ಗೊತ್ತಿರಲಿಲ್ಲ. ಅಪ್ಪನ ಶೂ ನೆನಪಾಯಿತು.

ರಘು ಅವರೇ, ಅಪ್ಪ ಈಗ ಆರಾಮ. ಸಾಗರಕ್ಕೆ ವಾಪಸು ಹೋಗಿದ್ದಾರೆ. ತೋಟಕ್ಕೆ ಒಂದು ಸುತ್ತು ಹಾಕಿ ಬರುತ್ತಾರೆ. ಕೇಳಿದ್ದಕ್ಕೆ ತುಂಬಾ ಥ್ಯಾಂಕ್ಸ್. 1993 ಹೇಳಿ ದಯವಿಟ್ಟು.

---

ಟೊರೊಂಟೊ_ರಘು | ಶನಿವಾರ, ರಾತ್ರಿ 9:30

ಒಳ್ಳೆ ಸುದ್ದಿ. ಹೇಳುತ್ತೇನೆ.

1992ರಲ್ಲಿ ಎರಡನೇ ಕಪ್ ಬಂದಿತ್ತು. ಆ ಪ್ಲೇಆಫ್‌ನಲ್ಲಿ ನ್ಯೂಯಾರ್ಕ್ ರೇಂಜರ್ಸ್‌ನ ಆಡಮ್ ಗ್ರೇವ್ಸ್ ಸ್ಟಿಕ್‌ನಿಂದ ಹೊಡೆದು ಇವನ ಎಡಗೈ ಮೂಳೆ ಮುರಿದಿದ್ದ. ಕೆಲವೇ ಮ್ಯಾಚ್ ಬಿಟ್ಟು ಬಂದು, ಫೈನಲ್‌ನಲ್ಲಿ ಶಿಕಾಗೊವನ್ನು 4–0 ಸೋಲಿಸಿ, ಪ್ಲೇಆಫ್‌ನ ಅತ್ಯುತ್ತಮ ಆಟಗಾರ ಅಂತ ಸತತ ಎರಡನೇ ಸಲ ಗೆದ್ದ. ಆಗ ವಯಸ್ಸು 26.

ಮುಂದಿನ ಸೀಸನ್ ಶುರುವಾದಾಗ ಅವನನ್ನು ತಡೆಯುವವರೇ ಇರಲಿಲ್ಲ. 40 ಮ್ಯಾಚ್‌ಗೆ 104 ಪಾಯಿಂಟ್. ಒಂದು ಸೀಸನ್‌ಗೆ ಗ್ರೆಟ್ಸ್ಕಿಯ 215 ಪಾಯಿಂಟ್ ದಾಖಲೆ ಈ ಸಲ ಹೋಯಿತು ಅಂತ ನಾವೆಲ್ಲ ಲೆಕ್ಕ ಹಾಕುತ್ತಿದ್ದೆವು. 1993ರ ಜನವರಿ 12ಕ್ಕೆ ಸುದ್ದಿ ಬಂತು. ಕುತ್ತಿಗೆಯಲ್ಲಿ ಗಂಟು, ಹಾಡ್ಕಿನ್. ಅವತ್ತು ನಾನು ಫ್ಯಾಕ್ಟರಿಯಲ್ಲಿ ಎರಡನೇ ಶಿಫ್ಟ್‌ನಲ್ಲಿದ್ದೆ. ರೇಡಿಯೊದಲ್ಲಿ ಹೇಳಿದಾಗ ಪಕ್ಕದ ಮೆಷಿನ್‌ನವನು ಕೈಗವಸು ಬಿಚ್ಚಿ ಹಾಗೇ ನಿಂತುಬಿಟ್ಟ. ಆಗಿನ ಕಾಲದಲ್ಲಿ ಕ್ಯಾನ್ಸರ್ ಅಂದರೆ ಮುಂದಿನ ಮಾತೇ ಇರುತ್ತಿರಲಿಲ್ಲ.

ಬೇಗ ಗೊತ್ತಾಗಿದ್ದು ಪುಣ್ಯ. ರೇಡಿಯೇಷನ್ ಶುರು ಮಾಡಿದರು. ಎರಡು ತಿಂಗಳ ಹತ್ತಿರ ಆಡಲಿಲ್ಲ. ಅಷ್ಟರಲ್ಲಿ ಬಫಲೊ ತಂಡದ ಪ್ಯಾಟ್ ಲಾಫಾಂಟೇನ್ ಪಾಯಿಂಟ್ ಪಟ್ಟಿಯಲ್ಲಿ ಇವನನ್ನು ದಾಟಿ 12 ಪಾಯಿಂಟ್ ಮುಂದೆ ಹೋಗಿದ್ದ.

ಮಾರ್ಚ್ 2. ಫಿಲಡೆಲ್ಫಿಯಾ ಮತ್ತು ಪಿಟ್ಸ್‌ಬರ್ಗ್ ಅಂದರೆ ಹಾವು ಮುಂಗುಸಿ. ಒಂದೇ ರಾಜ್ಯದ ಎರಡು ಊರು, ಇಬ್ಬರಿಗೂ ಕಂಡರೆ ಆಗದು. ಅಲ್ಲಿನ ಜನ ಎದುರು ತಂಡದವರಿಗೆ ಬೈಯುವುದರಲ್ಲಿ ಹೆಸರುವಾಸಿ. ಆ ರಾತ್ರಿ ಇವನು ಐಸ್‌ಗೆ ಇಳಿದಾಗ ಇಡೀ ಸ್ಟೇಡಿಯಂ ಎದ್ದು ನಿಂತಿತು. ಚಪ್ಪಾಳೆ ನಿಲ್ಲಲೇ ಇಲ್ಲ. ಪಿಟ್ಸ್‌ಬರ್ಗ್ 5–4ರಲ್ಲಿ ಸೋತಿತು ಅನ್ನುವುದು ಎಷ್ಟೋ ಜನಕ್ಕೆ ಮರೆತೇಹೋಗಿದೆ.

ಆಮೇಲಿನದು ನನಗೆ ಇನ್ನೂ ದೊಡ್ಡದು. ರೇಡಿಯೇಷನ್ ಮುಗಿಸಿ ಬಂದು ಸೀಸನ್‌ನ ಕೊನೆಯ 20 ಮ್ಯಾಚ್ ಆಡಿದ. 56 ಪಾಯಿಂಟ್. ಪಿಟ್ಸ್‌ಬರ್ಗ್ ಸತತ 17 ಮ್ಯಾಚ್ ಗೆದ್ದು ಲೀಗ್ ದಾಖಲೆ ಮಾಡಿತು. ಲಾಫಾಂಟೇನ್ 148ಕ್ಕೆ ಮುಗಿಸಿದ. ಇವನು 60 ಮ್ಯಾಚ್‌ಗೆ 160. ಹನ್ನೆರಡು ಹಿಂದೆ ಇದ್ದವನು ಹನ್ನೆರಡು ಮುಂದೆ.

ಕಪ್ ಆ ವರ್ಷ ಬರಲಿಲ್ಲ. ಎರಡನೇ ಸುತ್ತಿನ ಏಳನೇ ಮ್ಯಾಚ್, ಓವರ್‌ಟೈಮ್‌ನಲ್ಲಿ ನ್ಯೂಯಾರ್ಕ್ ಐಲ್ಯಾಂಡರ್ಸ್ ತಂಡದ ಗೋಲು. ನನಗೆ ಇವತ್ತಿಗೂ ಅದು ಹೊಟ್ಟೆ ಉರಿಯುವ ವಿಷಯ.

---

ಎಡ್ಮಂಟನ್_ಪ್ರಕಾಶ | ಶನಿವಾರ, ರಾತ್ರಿ 10:05

ರಘು ಅಣ್ಣ, ಇದರ ಮುಂದೆ ನನ್ನ ವಾದ ಇಲ್ಲ. ಆ ಸೀಸನ್ ಪೂರ್ತಿ ಆಡಿದ್ದರೆ 215 ಉಳಿಯುತ್ತಿರಲಿಲ್ಲ ಅಂತ ಇಲ್ಲಿ ಎಡ್ಮಂಟನ್‌ನಲ್ಲೂ ಹಳಬರು ಒಪ್ಪುತ್ತಾರೆ. ಒಟ್ಟು ಆಟದಲ್ಲಿ ನನಗೆ ಗ್ರೆಟ್ಸ್ಕಿಯೇ ಮೇಲು, ಅದು ಬದಲಾಗುವುದಿಲ್ಲ.

---

ಫಿಸಿಯೊ_ವೀಣಾ | ಭಾನುವಾರ, ಬೆಳಿಗ್ಗೆ 8:45

ಒಂದು ಮಾತು ಸೇರಿಸಲೇಬೇಕು. ಈ ಕಥೆ ಓದಿ ಯಾರೂ ತಮ್ಮ ಮನೆಯ ರೋಗಿಗೆ "ನೋಡು, ಅವನು ಅವತ್ತೇ ಆಡಿದ, ನೀನು ಯಾಕೆ ಮಲಗಿದ್ದೀಯ" ಅನ್ನಬೇಡಿ. ರೇಡಿಯೇಷನ್ ಎಲ್ಲರಿಗೂ ಒಂದೇ ಅಲ್ಲ. ಎಷ್ಟು ಪ್ರಮಾಣ, ಯಾವ ಭಾಗ, ಎಷ್ಟು ದಿನ, ಜೊತೆಗೆ ಕೀಮೊ ಇದೆಯೋ ಇಲ್ಲವೋ, ವಯಸ್ಸೆಷ್ಟು, ಎಲ್ಲ ಬೇರೆ ಬೇರೆ. ಲೆಮ್ಯೂಗೆ 27 ವರ್ಷ, ಕಾಯಿಲೆ ಶುರುವಿನ ಹಂತದಲ್ಲೇ ಸಿಕ್ಕಿತ್ತು.

ಅವರಿಗೂ ಸುಸ್ತು ಬಿಡಲಿಲ್ಲ. ಅಶ್ವಿನಿ ಬರೆದ ಸಾಲಿನಲ್ಲಿ 60ರ ನಂತರ 22 ಇದೆ, ಆಮೇಲೆ ಸೊನ್ನೆ. 1993–94ರಲ್ಲಿ ಮತ್ತೆ ಬೆನ್ನು. 1994–95ರಲ್ಲಿ ಚಿಕಿತ್ಸೆಯ ಸುಸ್ತಿನಿಂದ ಚೇತರಿಸಿಕೊಳ್ಳಲು ಇಡೀ ವರ್ಷ ಆಡಲೇ ಇಲ್ಲ. ಜನ ಮಾರ್ಚ್ 2 ನೆನಪಿಟ್ಟುಕೊಳ್ಳುತ್ತಾರೆ. ನನಗೆ ಆ ಸೊನ್ನೆಯೂ ಅಷ್ಟೇ ಮುಖ್ಯ. ಮೈ ಕೇಳಿದಾಗ ವಿಶ್ರಾಂತಿ ಕೊಟ್ಟರು. ಅದಕ್ಕೇ 1995–96ರಲ್ಲಿ ವಾಪಸು ಬಂದು 70 ಮ್ಯಾಚ್‌ಗೆ 161 ಪಾಯಿಂಟ್ ಮಾಡಲು ಆಯಿತು.

ಶರಾವತಿಯವರೇ, ನಿಮ್ಮ ತಂದೆ ದಿವಾನದ ಮೇಲೆ ಒರಗಿದ್ದು ಸೋಲು ಅಲ್ಲ.

---

ಶರಾವತಿ_ತೀರ | ಭಾನುವಾರ, ಬೆಳಿಗ್ಗೆ 9:10

ಮೇಡಂ, ಇದನ್ನು ಅಪ್ಪನಿಗೆ ಓದಿ ಹೇಳುತ್ತೇನೆ.

---

ಕೊಡಗು_ಸ್ಟಿಕ್ | ಭಾನುವಾರ, ಬೆಳಿಗ್ಗೆ 11:30

ನಿವೃತ್ತಿಯಾದವನು ವಾಪಸು ಬಂದದ್ದು ಹೇಗೆ? ತಂಡದ ಮಾಲೀಕನೂ ಆದನಂತೆ. ಆಟಗಾರನೇ ಮಾಲೀಕ ಆಗಬಹುದಾ?

---

ಅಂಕಿ_ಅಶ್ವಿನಿ | ಭಾನುವಾರ, ಮಧ್ಯಾಹ್ನ 2:15

ಇದು ನನಗೆ ಇಷ್ಟವಾದ ಭಾಗ. 1997ರಲ್ಲಿ ನಿವೃತ್ತಿ. ಆಟದ ಮಹಾನ್ ಆಟಗಾರರನ್ನು ಗೌರವಿಸುವ ಹಾಲ್ ಆಫ್ ಫೇಮ್‌ಗೆ ಸೇರಲು ಮೂರು ವರ್ಷ ಕಾಯಬೇಕೆಂಬ ನಿಯಮ ಇದೆ. ಅವರಿಗೆ ಅದನ್ನು ಸಡಿಲಿಸಿ ಅದೇ ವರ್ಷ ಸೇರಿಸಿಕೊಂಡರು.

1998ರಲ್ಲಿ ಪೆಂಗ್ವಿನ್ಸ್ ದಿವಾಳಿ ಎದ್ದಿತು. ಆಗ ತಂಡ ಲೆಮ್ಯೂಗೆ ಬಾಕಿ ಉಳಿಸಿಕೊಂಡಿದ್ದ ಸಂಬಳವೇ 3 ಕೋಟಿ ಡಾಲರ್‌ಗೂ ಜಾಸ್ತಿ. ತಂಡ ಮುಚ್ಚುತ್ತದೆ, ಇಲ್ಲವೇ ಬೇರೆ ಊರಿಗೆ ಹೋಗುತ್ತದೆ ಅನ್ನುವ ಸ್ಥಿತಿ. ಬಾಕಿ ದುಡ್ಡಿಗಾಗಿ ಕೋರ್ಟಿನಲ್ಲಿ ಕೂರುವ ಬದಲು ಅದರ ದೊಡ್ಡ ಪಾಲನ್ನು ಬಂಡವಾಳವಾಗಿ ಬದಲಿಸಿ, ಇನ್ನು ಕೆಲವರನ್ನು ಜೊತೆ ಮಾಡಿಕೊಂಡು 1999ರಲ್ಲಿ ತಂಡವನ್ನೇ ಕೊಂಡರು. ನಾನು ಲೆಕ್ಕಪತ್ರ ನೋಡುವ ಕೆಲಸದವಳು. ಕೊಡಬೇಕಾದವನು ದಿವಾಳಿಯಾದರೆ ದುಡ್ಡಿನ ಆಸೆ ಬಿಟ್ಟುಬಿಡುವವರನ್ನೇ ನಾನು ಕಂಡಿರುವುದು.

2000ದ ಡಿಸೆಂಬರ್ 27ರಂದು ಮಾಲೀಕರೇ ಮತ್ತೆ ಆಟಕ್ಕೆ ಇಳಿದರು. ನಿವೃತ್ತಿಯಲ್ಲಿ ಸ್ಟೇಡಿಯಂ ಮಾಡಿಗೆ ನೇತು ಹಾಕಿದ್ದ 66ರ ಬ್ಯಾನರನ್ನು ಕೆಳಗೆ ಇಳಿಸಿದರು. ಮಗ ಆಸ್ಟಿನ್ ಹುಟ್ಟಿದ್ದು 1996ರಲ್ಲಿ, ದಿನ ತುಂಬುವ ಮೊದಲೇ. ಅಪ್ಪ ಆಡಿದ್ದು ಆ ಮಗುವಿಗೆ ನೆನಪಿಲ್ಲ. ಅವನು ನೋಡಲಿ ಅನ್ನುವುದೂ ವಾಪಸು ಬಂದದ್ದಕ್ಕೆ ಒಂದು ಕಾರಣ. ಎದುರಿಗೆ ಟೊರೊಂಟೊ. 33ನೇ ಸೆಕೆಂಡಿಗೆ ಜೊತೆ ಆಟಗಾರ ಯಾರೊಮಿರ್ ಯಾಗರ್ ಹೊಡೆದ ಗೋಲಿಗೆ ಇವರ ಅಸಿಸ್ಟ್. ಮೂರೂವರೆ ವರ್ಷ ಆಡದೇ ಇದ್ದ 35 ವರ್ಷದವರು! ಆ ರಾತ್ರಿ ಒಂದು ಗೋಲು, ಎರಡು ಅಸಿಸ್ಟ್, 5–0 ಗೆಲುವು.

---

ಟೊರೊಂಟೊ_ರಘು | ಭಾನುವಾರ, ಮಧ್ಯಾಹ್ನ 3:00

ಆ ಮ್ಯಾಚ್‌ನಲ್ಲಿ ಸೋತದ್ದು ನಮ್ಮ ಊರಿನ ತಂಡ. ಆದರೂ ನನಗೆ ಬೇಜಾರಾಗಲಿಲ್ಲ.

2002ರ ಸಾಲ್ಟ್ ಲೇಕ್ ಒಲಿಂಪಿಕ್ಸ್ ಬಿಡಬೇಡಿ. ಕೆನಡಾ ಐಸ್ ಹಾಕಿ ಚಿನ್ನ ಗೆದ್ದು 50 ವರ್ಷ ಆಗಿತ್ತು. ಸೊಂಟದ ನೋವಿನಲ್ಲೇ ಇವನು ಕ್ಯಾಪ್ಟನ್. ಫೈನಲ್‌ನಲ್ಲಿ ಅಮೆರಿಕ ಒಂದು ಗೋಲು ಮುಂದೆ ಇತ್ತು. ಬಲಗಡೆಯಿಂದ ಕ್ರಿಸ್ ಪ್ರಾಂಗರ್ ಪಾಸ್ ಕಳಿಸಿದ. ಪಕ್ ನೇರ ಲೆಮ್ಯೂ ಕಡೆ ಬಂತು. ಹೊಡೆಯುತ್ತಾನೆ ಅಂತ ಗೋಲ್‌ಕೀಪರ್ ಅವನ ಕಡೆ ತಿರುಗಿದ. ಇವನು ಸ್ಟಿಕ್ ಮುಂದೆ ಮಾಡಿ ಹೊಡೆಯುವ ಹಾಗೆ ತೋರಿಸಿ, ಪಕ್ಕನ್ನು ಮುಟ್ಟದೆ ಕಾಲಿನ ನಡುವೆ ಬಿಟ್ಟುಬಿಟ್ಟ. ಹಿಂದೆ ಪಾಲ್ ಕರಿಯಾ ಇದ್ದ, ಗೋಲು. ಹಿಂದೆ ಆಳು ಇದ್ದಾನೆ ಅಂತ ನೋಡದೆಯೇ ಗೊತ್ತಿತ್ತು. ಅವನಿಗೆ ಅಸಿಸ್ಟ್ ಕೂಡ ಸಿಗಲಿಲ್ಲ, ಮುಟ್ಟಲೇ ಇಲ್ಲವಲ್ಲ. 5–2 ಗೆಲುವು. ಲೆಮ್ಯೂ ಏನು ಅಂತ ಯಾರಾದರೂ ಕೇಳಿದರೆ ನಾನು ತೋರಿಸುವುದು ಇದನ್ನೇ.

---

ಕೊಡಗು_ಸ್ಟಿಕ್ | ಭಾನುವಾರ, ಮಧ್ಯಾಹ್ನ 3:40

ಡಮ್ಮಿ! ನಮ್ಮಲ್ಲಿ ಡಮ್ಮಿ ಅನ್ನುತ್ತೇವೆ. ಒಲಿಂಪಿಕ್ ಫೈನಲ್‌ನಲ್ಲಿ, ಹಿಂದೆ ಬಿದ್ದಿರುವಾಗ, ಗೋಲು ಬಾಯಲ್ಲೇ ಇರುವಾಗ ಹೊಡೆಯದೆ ಬಿಡುವುದಕ್ಕೆ ಗುಂಡಿಗೆ ಬೇಕು.

---

ಎಡ್ಮಂಟನ್_ಪ್ರಕಾಶ | ಭಾನುವಾರ, ಸಂಜೆ 5:20

ಮಾಲೀಕರಾದ ಮೇಲಿನದರಲ್ಲಿ ನನಗೆ ಒಂದು ತಕರಾರು ಇದೆ. ಹೊಸ ಸ್ಟೇಡಿಯಂ ಕೊಡದಿದ್ದರೆ ತಂಡವನ್ನು ಕ್ಯಾನ್ಸಸ್ ಸಿಟಿಗೆ ಒಯ್ಯುವ ಮಾತು ಬಂದಿತ್ತು. 2007ರಲ್ಲಿ ಒಪ್ಪಂದ ಆಯಿತು, 2010ರಲ್ಲಿ ಸ್ಟೇಡಿಯಂ ತೆರೆಯಿತು. ಊರನ್ನು ಅಷ್ಟು ಪ್ರೀತಿಸುವವರು ಹಾಗೆ ಹೆದರಿಸಬಾರದಿತ್ತು.

---

ಶರಾವತಿ_ತೀರ | ಭಾನುವಾರ, ರಾತ್ರಿ 8:15

ಪ್ರಕಾಶ್ ಅವರೇ, ಇಲ್ಲಿ ಹಳಬರೂ ಅದನ್ನು ಹೇಳುತ್ತಾರೆ. ಕೊನೆಗೆ ತಂಡ ಇಲ್ಲೇ ಉಳಿಯಿತು ಅಂತಲೂ ಅವರೇ ಹೇಳುತ್ತಾರೆ. ಎರಡೂ ನಿಜ.

ನಾನು ಇಲ್ಲಿ ಕಣ್ಣಾರೆ ಕಂಡಿದ್ದು ಹೇಳುತ್ತೇನೆ. 1993ರಲ್ಲೇ ಅವರು ಕ್ಯಾನ್ಸರ್ ಸಂಶೋಧನೆಗೆ ನೆರವಾಗಲು ಒಂದು ಪ್ರತಿಷ್ಠಾನ ಕಟ್ಟಿದರು. ಆಸ್ಟಿನ್ ದಿನ ತುಂಬದೆ ಹುಟ್ಟಿ ಆಸ್ಪತ್ರೆಯಲ್ಲಿದ್ದಾಗ, ಲೆಮ್ಯೂ ಹೆಂಡತಿ ನಥಾಲಿಗೆ ಮನೆಯ ಬೇರೆ ಮಕ್ಕಳನ್ನು ಅಲ್ಲಿ ಎಲ್ಲಿ ಕೂರಿಸುವುದು ಅನ್ನುವುದೇ ಕಷ್ಟವಾಗಿತ್ತಂತೆ. ಆ ಅನುಭವದಿಂದ 'ಆಸ್ಟಿನ್ಸ್ ಪ್ಲೇರೂಮ್' ಅಂತ ಆಸ್ಪತ್ರೆಗಳಲ್ಲಿ ಆಟದ ಕೋಣೆ ಮಾಡಿಸಿದರು. ನನ್ನ ಮಗಳಿಗೆ ಹಿಂದೊಮ್ಮೆ ಜ್ವರ ಜಾಸ್ತಿಯಾಗಿ ಸೇರಿಸಿದ್ದೆವು. ಮರದ ರೈಲು, ಪುಟ್ಟ ಅಡುಗೆಮನೆ ಇದ್ದ ಕೋಣೆಯಲ್ಲಿ ಎರಡು ದಿನ ಆಡಿದಳು. ಅದು ಯಾರ ಮಗುವಿನ ಹೆಸರು ಅಂತ ನನಗೆ ಗೊತ್ತಾಗಿದ್ದು ಅಪ್ಪನ ಕಾಯಿಲೆ ಬಂದ ಮೇಲೆ.

ಇನ್ನೊಂದು. 18ರ ಹುಡುಗ ಲೆಮ್ಯೂ ಇಂಗ್ಲಿಷ್ ಬಾರದೆ ಪಿಟ್ಸ್‌ಬರ್ಗ್‌ಗೆ ಬಂದಾಗ ಒಂದು ಕುಟುಂಬ ಅವನನ್ನು ಮನೆಯಲ್ಲಿ ಇಟ್ಟುಕೊಂಡಿತು. ಟಿವಿ ಧಾರಾವಾಹಿ ನೋಡಿ ನೋಡಿ ಇಂಗ್ಲಿಷ್ ಕಲಿತ. 2005ರಲ್ಲಿ ಸಿಡ್ನಿ ಕ್ರಾಸ್ಬಿ ಅನ್ನುವ 18ರ ಹುಡುಗ ತಂಡಕ್ಕೆ ಬಂದಾಗ ಲೆಮ್ಯೂ ಅವನನ್ನು ತಮ್ಮ ಮನೆಯಲ್ಲೇ ಇಟ್ಟುಕೊಂಡರು. ಆ ಸೀಸನ್‌ನಲ್ಲಿ ಇಬ್ಬರೂ ಸ್ವಲ್ಪ ದಿನ ಒಟ್ಟಿಗೆ ಆಡಿದರು. ಲೆಮ್ಯೂ ಹೃದಯದ ಬಡಿತ ಲಯ ತಪ್ಪತೊಡಗಿ 2006ರ ಜನವರಿ 24ಕ್ಕೆ ಪೂರ್ತಿ ನಿಲ್ಲಿಸಿದರು. ಬೆನ್ನು, ಕ್ಯಾನ್ಸರ್, ಸೊಂಟ, ಕೊನೆಗೆ ಹೃದಯ. ಕ್ರಾಸ್ಬಿ ಹಲವು ವರ್ಷ ಅದೇ ಮನೆಯಲ್ಲಿದ್ದರು. 2009ರಲ್ಲಿ ಕ್ಯಾಪ್ಟನ್ ಆಗಿ ಕಪ್ ಗೆದ್ದರು, ಆಮೇಲೆ 2016, 2017. ಕಪ್ ಮೇಲೆ ಆಟಗಾರನಾಗಿಯೂ ಮಾಲೀಕನಾಗಿಯೂ ಹೆಸರು ಕೆತ್ತಿಸಿಕೊಂಡವರು ಲೆಮ್ಯೂ ಒಬ್ಬರೇ.

---

ಶರಾವತಿ_ತೀರ | ಸೋಮವಾರ, ಬೆಳಿಗ್ಗೆ 7:30

ನಿನ್ನೆ ರಾತ್ರಿ, ಅಂದರೆ ಅಲ್ಲಿ ಬೆಳಿಗ್ಗೆ, ವಿಡಿಯೊ ಕಾಲ್‌ನಲ್ಲಿ ಅಪ್ಪನಿಗೆ ಮಾರ್ಚ್ 2ರ ಮ್ಯಾಚ್ ತೋರಿಸಿದೆ. ವೀಣಾ ಮೇಡಂ ಬರೆದಿದ್ದನ್ನು ಓದಿ ಹೇಳಿದೆ. ಅಪ್ಪ ಸುಮಾರು ಹೊತ್ತು ಮಾತಾಡಲಿಲ್ಲ. ಚಪ್ಪಾಳೆ ಹೊಡೆಯುತ್ತಿರುವ ಜನರನ್ನೇ ನೋಡುತ್ತಿದ್ದರು. ಇವರೆಲ್ಲ ಎದುರು ತಂಡದವರಾ ಅಂತ ಎರಡು ಸಲ ಕೇಳಿದರು. ಆಮೇಲೆ ಕೇಳಿದ್ದು: "ಅವತ್ತು ಅವನ ಲೇಸ್ ಯಾರು ಕಟ್ಟಿದ್ದು?"

ಡಮ್ಮಿ ಗೋಲು ಇರುವ ಒಲಿಂಪಿಕ್ ಫೈನಲ್ ಪೂರ್ತಿ ನೋಡಬೇಕಂತೆ. ರಘು ಅವರೇ, ಕಾಮೆಂಟರಿ ನಾನು ಕನ್ನಡದಲ್ಲಿ ಹೇಳಬೇಕು, ನೀವೂ ಕಾಲ್‌ಗೆ ಬರುತ್ತೀರಾ? ನಿಮಗೆ ಶನಿವಾರ ಬೆಳಿಗ್ಗೆ 8, ಅಪ್ಪನಿಗೆ ಸಂಜೆ.

---

ಟೊರೊಂಟೊ_ರಘು | ಸೋಮವಾರ, ಬೆಳಿಗ್ಗೆ 7:42

ಖಂಡಿತ ಬರುತ್ತೇನೆ. ಅಪ್ಪನಿಗೆ ಆಟದ ನಿಯಮ ನಾನೇ ಹೇಳುತ್ತೇನೆ. ನಂಬರ್ ಮೆಸೇಜ್ ಮಾಡಿ.